ನೆಲ ಅವರದ್ದು, ದಾರಿ ಯಾರದ್ದು?

ಆದಿ ಉಡುಪಿಯ ಮೂಲಕ ಮಲ್ಪೆಗೆ ಹೋಗುವ ರಸ್ತೆ ರಾಷ್ಟ್ರೀಯ ಹೆದ್ದಾರಿ 169ಎ. ಅದು ಯಾರದ್ದು ಎಂದು ಯಾರೂ ಕೇಳುವುದಿಲ್ಲ. ಹೆದ್ದಾರಿ ಬಿಟ್ಟು ಒಳಗೆ ತಿರುಗಿ, ಡಾಮರು ಮುಗಿದು ಕಾಂಕ್ರೀಟ್, ಕಾಂಕ್ರೀಟ್ ಮುಗಿದು ಮಣ್ಣಿನ ದಾರಿ ಶುರುವಾಗುವ ಹೊತ್ತಿಗೆ ಮಾತ್ರ ಉತ್ತರ ಅಷ್ಟು ಸುಲಭವಲ್ಲ. ನಗರಸಭೆಯದ್ದೋ, ಮೊದಲ ಮನೆಯವರದ್ದೋ, ಕೊನೆಯ ಮನೆಯವರು ಕೈಯಿಂದ ದುಡ್ಡು ಹಾಕಿ ಮಾಡಿಸಿಕೊಂಡದ್ದೋ? ಎಲ್ಲರೂ ಮಾತಾಡಿಕೊಂಡಿರುವಷ್ಟು ದಿನ ಈ ಲೆಕ್ಕ ಯಾರಿಗೂ ಬೇಡ. ಜಾಗ ಕೈಬದಲಾಗಿ ಹೊಸಬರು ಮುರಕಲ್ಲಿನ ಕಂಪೌಂಡ್ ಎಬ್ಬಿಸಿದಾಗ, ಅಥವಾ ಅಣ್ಣತಮ್ಮಂದಿರು ಮಾತು ಬಿಟ್ಟಾಗ, ದಾರಿಗೆ ಗೇಟು ಬರುತ್ತದೆ. ಗೇಟಿನ ಹಿಂದೆಯೇ ಬೀಗ, ಬೀಗದ ಹಿಂದೆಯೇ ವಕೀಲರ ನೋಟಿಸು.

ಆಗ ಎರಡು ಮಾತು ಕೇಳಿಬರುತ್ತವೆ. ‘ಆರ್‌ಟಿಸಿಯಲ್ಲಿ ನನ್ನ ಹೆಸರಿದೆ’ ಎಂಬುದು ಒಂದು. ‘ಅಜ್ಜನ ಕಾಲದಿಂದ ನಾವು ಇಲ್ಲೇ ನಡೆದದ್ದು’ ಎಂಬುದು ಇನ್ನೊಂದು. ಎರಡೂ ನಿಜವಿರಬಹುದು, ಎರಡೂ ಸಾಲದೆ ಹೋಗಬಹುದು. ಏಕೆಂದರೆ ನ್ಯಾಯಾಲಯ ನೆಲದ ಮಾಲೀಕ ಯಾರೆಂದು ತಿಳಿದು ಅಲ್ಲಿಗೇ ನಿಲ್ಲುವುದಿಲ್ಲ; ನಡೆದವರು ಯಾವ ನೆಲೆಯಲ್ಲಿ ನಡೆದರು ಎಂದು ಕೇಳುತ್ತದೆ. ನೆಲದ ಒಡೆತನ ಬೇರೆ, ಅದರ ಮೇಲೆ ನಡೆಯುವ ಹಕ್ಕು ಬೇರೆ. ಈ ಎರಡನ್ನು ಒಂದೇ ಎಂದುಕೊಂಡದ್ದರಿಂದಲೇ ಕರಾವಳಿಯ ಅರ್ಧಕ್ಕರ್ಧ ದಾರಿ ಜಗಳಗಳು ದಿಕ್ಕು ತಪ್ಪುತ್ತವೆ.

ನಮ್ಮಲ್ಲಿ ಈ ಜಗಳ ಇಷ್ಟು ಸಾಮಾನ್ಯವಾಗಲು ಇಲ್ಲಿನ ಭೂಮಿಯ ಚರಿತ್ರೆಯೂ ಕಾರಣ. ಬಯಲುಸೀಮೆಯಂತೆ ಮನೆಗಳೆಲ್ಲ ಒಂದೆಡೆ ಸೇರಿ, ಹೊಲ ಊರಾಚೆ ಇರುವ ಪದ್ಧತಿ ಕರಾವಳಿಯದ್ದಲ್ಲ. ಇಲ್ಲಿ ಪ್ರತಿ ಮನೆಯೂ ತನ್ನ ಗದ್ದೆ, ತನ್ನ ತೋಟದ ನಡುವೆ. ಒಂದು ಮನೆಯಿಂದ ಇನ್ನೊಂದಕ್ಕೆ ಕಟ್ಟಪುಣಿಯ ಮೇಲೆ, ತೋಡಿಗೆ ಹಾಕಿದ ಸಂಕ ದಾಟಿ, ಬೇಲಿಯ ತಡಮೆ ಹತ್ತಿಳಿದು ಹೋಗುತ್ತಿದ್ದರು. ಆ ಗದ್ದೆಯೆಲ್ಲ ಒಬ್ಬನೇ ಧಣಿಯದ್ದೋ ಒಂದೇ ಕೂಡುಕುಟುಂಬದ್ದೋ ಆಗಿದ್ದಾಗ ದಾರಿಯ ಪ್ರಶ್ನೆ ಏಳಲಿಲ್ಲ. 1949ರ ಅಳಿಯಸಂತಾನ ಕಾಯಿದೆ ಕೂಡುಕುಟುಂಬದ ಕವಲುಗಳಾದ ಕವರುಗಳಿಗೆ ಪಾಲು ಕೇಳುವ ದಾರಿ ತೆರೆಯಿತು. ದೊಡ್ಡ ಆಸ್ತಿಗಳು ಒಡೆದವು. 1974ರ ಭೂಸುಧಾರಣೆ ಗೇಣಿ ಒಕ್ಕಲುಗಳನ್ನು ಮಾಲೀಕರನ್ನಾಗಿಸಿತು. ಒಬ್ಬ ಧಣಿಯ ಬೈಲಿನಲ್ಲಿ ಹತ್ತು ಮಂದಿ ಮಾಲೀಕರಾದರು. ಪಹಣಿಗಳಲ್ಲಿ ಹೆಸರು ಬದಲಾಯಿತು, ಅವರೆಲ್ಲ ನಡೆಯುತ್ತಿದ್ದ ಪುಣಿ ಮಾತ್ರ ಹೆಚ್ಚಿನ ಕಡೆ ಯಾವ ಕಾಗದಕ್ಕೂ ಏರಲಿಲ್ಲ. ಮುಂದೆ ಗಲ್ಫ್ ಮತ್ತು ಮುಂಬೈಯ ದುಡ್ಡು ಬಂತು, ಮಣಿಪಾಲ ಬೆಳೆಯಿತು, ಗದ್ದೆ ಮಣ್ಣು ತುಂಬಿಸಿಕೊಂಡು ಐದು, ಹತ್ತು ಸೆಂಟ್ಸ್‌ನ ಸೈಟುಗಳಾದವು. ಒಬ್ಬರ ಹಿಂದೆ ಒಬ್ಬರು ನಡೆಯುತ್ತಿದ್ದ ಪುಣಿಯ ಮೇಲೆ ಈಗ ಕಾರು ಹೋಗಬೇಕು, ಮನೆ ಕಟ್ಟಲು ಕಲ್ಲಿನ ಲಾರಿಯೂ ಬರಬೇಕು.

ಇಂಥ ವ್ಯಾಜ್ಯಗಳಿಗೆ ಆಧಾರವಾಗಿರುವುದು 1882ರ ಭಾರತೀಯ ಈಸ್‌ಮೆಂಟ್ ಕಾಯಿದೆ. ಅದು ಮೊದಲಿಗೆ ಜಾರಿಯಾದದ್ದು ಮದ್ರಾಸ್ ಪ್ರಾಂತ, ಮಧ್ಯಪ್ರಾಂತ ಮತ್ತು ಕೊಡಗಿನಲ್ಲಿ. ಉಡುಪಿ, ಕಾರ್ಕಳ ಆಗ ಮದ್ರಾಸಿನ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದರಿಂದ ನಮಗೆ ಈ ಕಾನೂನು ಹುಟ್ಟಿನಿಂದಲೇ ಇದೆ. ಮುಂಬೈ ಪ್ರಾಂತದಲ್ಲಿದ್ದ ಉತ್ತರ ಕನ್ನಡಕ್ಕೆ ಬಂದದ್ದು 1891ರಲ್ಲಿ. ಕಾಯಿದೆಯ ತಿರುಳು ಇಷ್ಟು: ಒಂದು ಜಾಗದ ಬಳಕೆಗಾಗಿ ಇನ್ನೊಬ್ಬರ ಜಾಗದ ಮೇಲೆ ಸೀಮಿತವಾದ ಹಕ್ಕೊಂದು ಇರಬಹುದು. ಆ ಹಕ್ಕು ಮನುಷ್ಯನಿಗಲ್ಲ, ಅವನ ಜಾಗಕ್ಕೆ ಅಂಟಿಕೊಂಡದ್ದು. ಜಾಗ ಮಾರಿದರೆ ದಾರಿಯೂ ಅದರ ಜತೆ ಹೋಗುತ್ತದೆ. ದಾರಿ ಬಿಟ್ಟವರು ನೆಲ ಕಳೆದುಕೊಳ್ಳುವುದಿಲ್ಲ, ನಡೆಯುವವರಿಗೆ ನೆಲ ಸಿಗುವುದೂ ಇಲ್ಲ.

ಈ ಹಕ್ಕು ಹುಟ್ಟುವ ಬಗೆ ಮುಖ್ಯವಾಗಿ ಮೂರು. ಮೊದಲನೆಯದು ಬರಹದಿಂದ. ವಿಭಾಗ ಪತ್ರದಲ್ಲಿ, ಕ್ರಯಪತ್ರದಲ್ಲಿ, ದಾನಪತ್ರದಲ್ಲಿ ಇಂಥ ಕಡೆ ಇಷ್ಟು ಅಗಲದ ದಾರಿ ಎಂದು ಕೊಟ್ಟದ್ದು. ಇದು ಎಲ್ಲಕ್ಕಿಂತ ಗಟ್ಟಿ. ತಮಿಳುನಾಡಿನಿಂದ ಬಂದ ಹೀರೋ ವಿನೋತ್ ಪ್ರಕರಣದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್, ಹೀಗೆ ಕೊಟ್ಟ ದಾರಿ ಮುಂದೆ ಬೇರೆ ರಸ್ತೆ ಸಿಕ್ಕಿತೆಂಬ ಕಾರಣಕ್ಕೆ ರದ್ದಾಗುವುದಿಲ್ಲ ಎಂದು ಸ್ಪಷ್ಟಪಡಿಸಿತು.

ಎರಡನೆಯದು ಅನಿವಾರ್ಯದ ದಾರಿ. ಒಂದೇ ಆಗಿದ್ದ ಆಸ್ತಿ ಮಾರಾಟದಿಂದಲೋ ಪಾಲಿನಿಂದಲೋ ತುಂಡಾಗಿ, ಹಿಂದಿನ ತುಂಡಿಗೆ ಹೊರಹೋಗಲು ಬೇರೆ ದಾರಿಯೇ ಇಲ್ಲದಿದ್ದರೆ, ಮುಂದಿನ ತುಂಡಿನವರು ದಾರಿ ಕೊಡಲೇಬೇಕು. ಕಾಗದದಲ್ಲಿ ಬರೆಯದಿದ್ದರೂ ಕಾಯಿದೆಯ 13ನೇ ಕಲಂ ಈ ಹಕ್ಕು ಕೊಡುತ್ತದೆ. ಆದರೆ ಅನಿವಾರ್ಯ ಎಂದರೆ ಅನಿವಾರ್ಯವೇ. ಸುತ್ತು ಬಳಸಿಯಾದರೂ ಹೋಗಲು ಇನ್ನೊಂದು ದಾರಿಯಿದ್ದರೆ ಈ ವಾದ ಬೀಳುತ್ತದೆ. ಆ ಅನಿವಾರ್ಯ ತೀರಿದ ದಿನ ಹಕ್ಕೂ ತೀರುತ್ತದೆ. ಇನ್ನೊಂದು ಸೂಕ್ಷ್ಮವೂ ಇದೆ: ಆ ದಾರಿ ಎಲ್ಲಿ ಹಾಯಬೇಕೆಂದು ಗುರುತು ಹಾಕುವ ಅಧಿಕಾರ ನೆಲದವರದ್ದು, ನಡೆಯುವವರದ್ದಲ್ಲ. ಸರಿಯಾಗಿ ಹೋಗಿಬರಲು ಆಗುವಂತಿರಬೇಕು ಎಂಬುದಷ್ಟೇ ಷರತ್ತು. ಅಂಗಳದ ನಡುವೆಯೇ ಬೇಕೆಂದು ಹಟ ಹಿಡಿಯುವವರಿಗೂ, ದಾರಿಯೇ ಇಲ್ಲ ಎನ್ನುವವರಿಗೂ 14ನೇ ಕಲಮಿನಲ್ಲಿ ಉತ್ತರವಿದೆ.

ಮೂರನೆಯದು ದೀರ್ಘ ಬಳಕೆಯ ಹಕ್ಕು. 20 ವರ್ಷ, ಸರಕಾರಿ ಜಾಗದ ಮೇಲಾದರೆ 30 ವರ್ಷ, ಬಹಿರಂಗವಾಗಿ, ತಕರಾರಿಲ್ಲದೆ, ಎಡೆಬಿಡದೆ, ತನ್ನ ಹಕ್ಕು ಎಂಬಂತೆ ನಡೆದಿರಬೇಕು. ದಾವೆ ಹೂಡುವ ಹಿಂದಿನ ಎರಡು ವರ್ಷದೊಳಗಿನವರೆಗೂ ಆ ಬಳಕೆ ಬಂದಿರಬೇಕು. ದಾರಿಗೆ ನಾಲ್ಕು ದಿನ ಮುಳ್ಳು ಹಾಕಿದರೆ ಲೆಕ್ಕ ಕಡಿಯುವುದಿಲ್ಲ. ಅಡ್ಡಿ ಗೊತ್ತಾದ ಮೇಲೂ ಒಂದು ವರ್ಷ ಸುಮ್ಮನಿದ್ದರೆ ಮಾತ್ರ ಕಡಿಯುತ್ತದೆ. ‘ಬಹಳ ವರ್ಷಗಳಿಂದ’ ಎಂಬ ಮಾತೂ ನಡೆಯದು. ಮಹಾರಾಷ್ಟ್ರದ ಮನೀಶಾ ಮಹೇಂದ್ರ ಗಾಲಾ ಪ್ರಕರಣದಲ್ಲಿ 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಅದನ್ನೇ: ಎಷ್ಟೋ ವರ್ಷಗಳಿಂದ ಬಳಸುತ್ತಿದ್ದೇವೆ ಎಂದರೆ ಸಾಲದು, 20 ವರ್ಷ ದಾಟಿದ ಬಳಕೆಯನ್ನು ಹೇಳಬೇಕು, ಸಾಬೀತು ಮಾಡಬೇಕು. ಆ ಕಾಲವನ್ನು ಕಂಡವರೇ ಸಾಕ್ಷಿ ಹೇಳಬೇಕು. ಇದನ್ನು ಓದುವಾಗ ನಮ್ಮ ಗೇಣಿಯ ಕಾಲ ನೆನಪಾಗುತ್ತದೆ. ಧಣಿಯ ಜಾಗದಲ್ಲೇ ಒಕ್ಕಲಾಗಿ ನಡೆದದ್ದು ಪರರ ನೆಲದ ಮೇಲಿನ ಬಳಕೆ ಎನಿಸುವುದು ಕಷ್ಟ. ಹಾಗಾಗಿ ‘ಅಜ್ಜನ ಕಾಲ’ದ ಎಷ್ಟೋ ದಾರಿಗಳ ಲೆಕ್ಕ 1974ರ ಈಚೆಗಷ್ಟೇ ಶುರುವಾಗುತ್ತದೆ.

ಈ ಮೂರನೆಯ ಬಗೆಯಲ್ಲೇ ನೆರೆಕರೆಯ ಮನಸ್ಸು ಕೆಡಿಸುವ ವಿಪರ್ಯಾಸವಿರುವುದು. ‘ತನ್ನ ಹಕ್ಕು ಎಂಬಂತೆ’ ನಡೆದಿರಬೇಕು ಎಂದೆನಲ್ಲ, ಅದರ ಅರ್ಥ ಅನುಮತಿ ಕೇಳಿರಬಾರದು. ‘ಅಣ್ಣಾ, ನಿಮ್ಮ ಜಾಗದಲ್ಲಿ ಸ್ವಲ್ಪ ಹೋಗಿ ಬರಲೇ’ ಎಂದು ಮರ್ಯಾದೆಯಿಂದ ಕೇಳಿ ನಡೆದವರದ್ದು ಕಾನೂನಿನ ಕಣ್ಣಿನಲ್ಲಿ ಬರೀ ಅನುಮತಿ. ಕೊಟ್ಟವರು ಯಾವಾಗ ಬೇಕಾದರೂ ಹಿಂದೆ ಪಡೆಯಬಹುದು. ಯಾರನ್ನೂ ಕೇಳದೆ 20 ವರ್ಷ ನಡೆದವರಿಗೆ ಹಕ್ಕು ಹುಟ್ಟುತ್ತದೆ. ನೆಲದವರ ಕಡೆಯಿಂದ ನೋಡಿದರೂ ಹಾಗೆಯೇ. ‘ಹೋಗಲಿ ಪಾಪ’ ಎಂದು ಸುಮ್ಮನಿದ್ದವರ ಔದಾರ್ಯ ಒಂದು ದಿನ ಅವರ ನೆಲದ ಮೇಲಿನ ಭಾರವಾಗಿ ನಿಲ್ಲುತ್ತದೆ. ಇದು ಗೊತ್ತಾದವರು ಮೊದಲೇ ಗೇಟು ಹಾಕುತ್ತಾರೆ. ಅಂದರೆ ಮಾತಿನ ಮೇಲೆ ನಿಂತ ಒಳ್ಳೆಯತನ ಇಬ್ಬರಿಗೂ ಅಪಾಯದ್ದು. ಅನುಮತಿಗೆ ಒಂದು ಅಪವಾದವೂ ಇದೆ: ಆ ಒಪ್ಪಿಗೆಯನ್ನು ನಂಬಿ ನಡೆಯುವವರು ಖರ್ಚು ಮಾಡಿ ಶಾಶ್ವತ ಕಾಮಗಾರಿ ನಡೆಸಿದ್ದರೆ ಅದನ್ನು ಹಿಂದೆ ಪಡೆಯುವಂತಿಲ್ಲ ಎನ್ನುತ್ತದೆ 60ನೇ ಕಲಂ. ನೆರೆಯವರು ನಿಮ್ಮ ಜಾಗದಲ್ಲಿ ಕಾಂಕ್ರೀಟ್ ಹಾಕುತ್ತೇವೆ ಎಂದಾಗ ಬಾಯಿಮಾತಿನಲ್ಲಿ ತಲೆಯಾಡಿಸುವ ಮೊದಲು ಇದು ನೆನಪಿರಲಿ.

ದಾರಿಯ ಹಕ್ಕು ಇದೆ ಎಂದಾದ ಮೇಲೂ ಯಾವ ದಾರಿ ಎಂಬ ಪ್ರಶ್ನೆ ಉಳಿಯುತ್ತದೆ. ಇಂದು ಬಹುತೇಕ ಜಗಳ ನಡೆಯುವುದು ಇಲ್ಲಿಯೇ. ಕಾಲ್ನಡಿಗೆಯ ಹಕ್ಕಿರುವವರು ರಿಕ್ಷಾ ತರುತ್ತಾರೆ, ರಿಕ್ಷಾ ಬರುತ್ತಿದ್ದಲ್ಲಿ ಟಿಪ್ಪರ್ ಬರುತ್ತದೆ. ಒಂದು ಬಗೆಯ ದಾರಿಯ ಹಕ್ಕು ಇನ್ನೊಂದು ಬಗೆಯದನ್ನು ಒಳಗೊಳ್ಳುವುದಿಲ್ಲ ಎಂಬುದು 28ನೇ ಕಲಮಿನ ನಿಯಮ. ಒಂದು ಮನೆಗೆಂದು ಸಿಕ್ಕ ದಾರಿಯನ್ನು ಅದೇ ಜಾಗದಲ್ಲಿ ಎದ್ದ ನಾಲ್ಕು ಅಂತಸ್ತಿನ ಫ್ಲ್ಯಾಟಿಗೆಲ್ಲ ಬಳಸಿ ನೆಲದವರ ಮೇಲಿನ ಹೊರೆ ಏರಿಸುವುದಕ್ಕೂ ಕಾಯಿದೆ ಒಪ್ಪುವುದಿಲ್ಲ. ನಡೆಯುವವರು ಆದಷ್ಟು ತೊಂದರೆ ಕಡಿಮೆಯಾಗುವಂತೆ ಬಳಸಬೇಕು. ನೆಲದವರೂ ತಮ್ಮ ನೆಲವನ್ನು ದಾರಿಗೆ ಅಡ್ಡಿಯಾಗದಂತೆ ಬಳಸಿಕೊಳ್ಳಬಹುದು. ದನ ನುಗ್ಗದಂತೆ ಗೇಟು ಇಡುವುದು ಒಂದು ಮಾತು, ಆ ಗೇಟಿಗೆ ಬೀಗ ಜಡಿದು ಕೀಲಿಕೈ ತಮ್ಮಲ್ಲೇ ಇಟ್ಟುಕೊಳ್ಳುವುದು ಇನ್ನೊಂದು.

ಇಷ್ಟೂ ಖಾಸಗಿ ದಾರಿಯ ಮಾತಾಯಿತು. ಸಾರ್ವಜನಿಕ ರಸ್ತೆಯ ಲೆಕ್ಕವೇ ಬೇರೆ. ಅದರ ಮೇಲೆ ನಡೆಯಲು ಪಕ್ಕದಲ್ಲಿ ಜಾಗ ಇರಬೇಕಿಲ್ಲ. ಊರಿಗೆ ಬಂದ ನೆಂಟರೂ ನಡೆಯಬಹುದು. ಕರ್ನಾಟಕ ಭೂಕಂದಾಯ ಕಾಯಿದೆಯ 67ನೇ ಕಲಮಿನಂತೆ, ಯಾವುದೇ ವ್ಯಕ್ತಿಯ ಸ್ವತ್ತಾಗಿರದ ಸಾರ್ವಜನಿಕ ರಸ್ತೆ, ಓಣಿ, ಕಾಲುದಾರಿಗಳು ಸರಕಾರದವು. ಗ್ರಾಮ ನಕ್ಷೆಯಲ್ಲಿ ಕಾಣಿಸಿದ ಕಾಲುದಾರಿ, ಬಂಡಿದಾರಿಗಳಿಗೆ ಬೆಲೆಯಿರುವುದು ಇದರಿಂದ. ಒತ್ತುವರಿಯಾದ ಇಂಥ ದಾರಿಗಳನ್ನು ರೈತರಿಗೆ ಬಿಡಿಸಿಕೊಡುವಂತೆ ಕಂದಾಯ ಇಲಾಖೆ 2023ರಲ್ಲಿ ತಹಶೀಲ್ದಾರರಿಗೆ ಸುತ್ತೋಲೆಯನ್ನೂ ಕಳುಹಿಸಿತು. ಉಡುಪಿ, ದಕ್ಷಿಣ ಕನ್ನಡ ಎಂಬ ನಮ್ಮ ಎರಡು ಜಿಲ್ಲೆಗಳ ವಿಶೇಷವಾದ ಕುಮ್ಕಿಯೂ ಇಲ್ಲಿ ಬರುತ್ತದೆ. ವರ್ಗ (ಪಟ್ಟಾ) ಜಾಗದ ಅಂಚಿನಿಂದ 100 ಗಜದೊಳಗಿನ ಕುಮ್ಕಿಯಲ್ಲಿ ಸೊಪ್ಪು, ಸೌದೆ, ಮೇವಿನ ಸವಲತ್ತು ವರ್ಗದಾರರಿಗಿದೆ, ಒಡೆತನ ಸರಕಾರದ್ದು. ಕುಮ್ಕಿಯೊಳಗೆ ಹಿಂದಿನಿಂದ ಬಂದ ದಾರಿಗೆ ಬೇಲಿ ಹಾಕಿ ಮಾಲೀಕರ ಮಾತು ಆಡುವಂತಿಲ್ಲ.

ಹಾಗಾದರೆ ಪಟ್ಟಾ ಜಾಗದಲ್ಲಿ ಪಂಚಾಯತ್ ಅನುದಾನ ಹಾಕಿ ಕಾಂಕ್ರೀಟ್ ಮಾಡಿದರೆ ಅದು ಸಾರ್ವಜನಿಕ ರಸ್ತೆಯಾಯಿತೇ? ಸರಕಾರದ ದುಡ್ಡು ಬಿದ್ದದ್ದು ಒಂದು ಪುರಾವೆ ನಿಜ. ಮಾಲೀಕರು ಒಪ್ಪಿ ಬಿಟ್ಟುಕೊಟ್ಟಿದ್ದಾರೆ, ಊರವರು ಮುಕ್ತವಾಗಿ ಬಳಸಿದ್ದಾರೆ ಎಂದಾದರೆ ಅದು ಸಾರ್ವಜನಿಕರಿಗೆ ಅರ್ಪಿತವಾದ ದಾರಿ, ಮತ್ತೆ ಮುಚ್ಚುವಂತಿಲ್ಲ. ಒಪ್ಪಿಗೆಯೇ ಇಲ್ಲದಿದ್ದರೆ ಕಥೆ ಬೇರೆ. ಹಿಮಾಚಲ ಪ್ರದೇಶದಲ್ಲಿ 1967ರ ಸುಮಾರಿಗೆ ವಿದ್ಯಾದೇವಿ ಎಂಬವರ ಜಾಗದಲ್ಲಿ ಸರಕಾರ ಪರಿಹಾರ ಕೊಡದೆ ರಸ್ತೆ ಮಾಡಿತು. ಇಷ್ಟು ವರ್ಷ ನಮ್ಮ ಸ್ವಾಧೀನದಲ್ಲಿರುವುದರಿಂದ ಅದು ನಮ್ಮದೇ ಆಯಿತು ಎಂದೂ ವಾದಿಸಿತು. 2020ರಲ್ಲಿ ಸುಪ್ರೀಂ ಕೋರ್ಟ್ ಆ ವಾದ ಒಪ್ಪದೆ ಪರಿಹಾರ ಕೊಡಿಸಿತು. ಎರಡು ವರ್ಷದ ಬಳಿಕ ಅದೇ ರಾಜ್ಯದ ಸುಖ್ ದತ್ ರಾತ್ರಾ ಪ್ರಕರಣದಲ್ಲಿ, ಮಾಲೀಕರು ಬಾಯಿಮಾತಿನಲ್ಲಿ ಒಪ್ಪಿದ್ದರು ಎಂಬ ಸರಕಾರದ ಮಾತೂ ನಿಲ್ಲಲಿಲ್ಲ. ಕಾಮಗಾರಿಗೆ ಮೊದಲು ಮಾಲೀಕರಿಂದ ಬರಹದ ಒಪ್ಪಿಗೆ ಪಡೆಯದ ಸ್ಥಳೀಯ ಸಂಸ್ಥೆಗಳು ತಮ್ಮ ಕಾಂಕ್ರೀಟಿನ ಕೆಳಗೇ ಒಂದು ದಾವೆಯನ್ನೂ ಹೂತಿಡುತ್ತವೆ.

ಇದರ ತಿರುವುಮುರುವೂ ಇದೆ. ಮಣಿಪಾಲದ ಆಸುಪಾಸಿನಲ್ಲಿ ಏಳುವಂಥ ಬಡಾವಣೆಗಳಿಗೆ ಗೇಟು, ಕಾವಲುಗಾರ ಇರುವುದು ಈಗ ಪ್ರತಿಷ್ಠೆಯ ಮಾತು. ಆದರೆ ವಿನ್ಯಾಸ ನಕ್ಷೆಗೆ ಮಂಜೂರಾತಿ ಪಡೆಯುವಾಗ ಒಳಗಿನ ರಸ್ತೆಗಳನ್ನು ಸ್ಥಳೀಯ ಸಂಸ್ಥೆಗೆ ಬಿಟ್ಟುಕೊಟ್ಟಿದ್ದರೆ ಅವು ಊರಿನ ರಸ್ತೆಗಳು. 2022ರಲ್ಲಿ ಬೆಂಗಳೂರಿನ ಬಡಾವಣೆಯೊಂದರ ಪ್ರಕರಣದಲ್ಲಿ ಕರ್ನಾಟಕ ಹೈಕೋರ್ಟ್ ಹೇಳಿದ್ದು ಇದನ್ನೇ. ಗೇಟು ಹಾಕಿದ ಮಾತ್ರಕ್ಕೆ ಹೊರಗಿನವರನ್ನು ತಡೆಯುವ ಹಕ್ಕು ನಿವಾಸಿಗಳಿಗೆ ಬರುವುದಿಲ್ಲ. ಒಂದೇ ನಿವೇಶನದಲ್ಲಿರುವ ಅಪಾರ್ಟ್‌ಮೆಂಟಿನ ಒಳದಾರಿಗೆ ಇದು ಅನ್ವಯಿಸದು. ಅದು ಫ್ಲ್ಯಾಟಿನವರ ಸಾಮಾನ್ಯ ಸ್ವತ್ತು.

ಜಾಗದ ಒಡೆತನಕ್ಕೂ ಸಾರ್ವಜನಿಕ ರಸ್ತೆಗೂ ನಡುವೆ ಇನ್ನೊಂದು ವರ್ಗವಿದೆ: ರೂಢಿಯ ಹಕ್ಕು. ಕಾಪು, ಪಡುಕೆರೆಯಂಥ ಕಡೆ ಮೀನುಗಾರರು ಕಡಲಿಗೆ ಇಳಿಯುವ ದಾರಿ, ವರ್ಷಕ್ಕೊಮ್ಮೆ ದೈವದ ಭಂಡಾರ ಹೋಗುವ ದಾರಿ, ನಾಗರ ಪಂಚಮಿಗೆ ಕುಟುಂಬದವರು ನಾಗಬನಕ್ಕೆ ಹೋಗುವ ದಾರಿ ಈ ಗುಂಪಿಗೆ ಸೇರಬಹುದು. ಪಕ್ಕದಲ್ಲಿ ಜಾಗ ಇಲ್ಲದವರಿಗೂ ಇರುವ ಇಂಥ ರೂಢಿಯ ಹಕ್ಕುಗಳನ್ನು ಈಸ್‌ಮೆಂಟ್ ಕಾಯಿದೆ ಮುಟ್ಟುವುದಿಲ್ಲ, ಹಾಗೆಯೇ ಉಳಿಸುತ್ತದೆ ಎಂದು ಅದರ 2ನೇ ಕಲಮೇ ಹೇಳುತ್ತದೆ. ಕಡಲ ಬದಿಯ ಜಾಗಕ್ಕೆ ಬೆಲೆ ಬಂದಲ್ಲೆಲ್ಲ ಈ ಪ್ರಶ್ನೆ ಏಳುತ್ತದೆ. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಭಾರತ ಮೂಲದ ಉದ್ಯಮಿ ವಿನೋದ್ ಖೋಸ್ಲಾ 2008ರಲ್ಲಿ ಮಾರ್ಟಿನ್ಸ್ ಬೀಚ್‌ಗೆ ಹೊಂದಿದ ಜಾಗ ಕೊಂಡು, ಬಳಿಕ ಕಡಲಿಗೆ ಹೋಗುವ ಒಂದೇ ರಸ್ತೆಯ ಗೇಟು ಮುಚ್ಚಿಸಿದರು. ಅಲ್ಲಿನ ಕೋರ್ಟು ಕೇಳಿದ ಪ್ರಶ್ನೆ ರಸ್ತೆ ಯಾರದ್ದೆಂದಲ್ಲ, ಇದ್ದ ಪ್ರವೇಶವನ್ನು ಅನುಮತಿಯಿಲ್ಲದೆ ಮುಚ್ಚಬಹುದೇ ಎಂದು. 2018ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಅವರ ಮೇಲ್ಮನವಿಯನ್ನು ಕೈಗೆತ್ತಿಕೊಳ್ಳಲೇ ಇಲ್ಲ.

ಒಂದು ಸಂದರ್ಭದಲ್ಲಂತೂ ದಾರಿ ಮುಚ್ಚುವುದು ಸಿವಿಲ್ ತಕರಾರಾಗಿ ಉಳಿಯದೆ ಅಪರಾಧವಾಗುತ್ತದೆ. ಪರಿಶಿಷ್ಟ ಜಾತಿ, ಪಂಗಡದವರನ್ನು ಸಾರ್ವಜನಿಕ ಸ್ಥಳಕ್ಕೆ ಹೋಗುವ ರೂಢಿಯ ದಾರಿಯಿಂದ ತಡೆಯುವುದು 1989ರ ದೌರ್ಜನ್ಯ ತಡೆ ಕಾಯಿದೆಯಡಿ ಶಿಕ್ಷಾರ್ಹ. ಕಾಲೊನಿಯ ದಾರಿಗೆ ಬೇಲಿ ಹಾಕುವವರು ‘ನನ್ನ ಪಟ್ಟಾ ಜಾಗ’ ಎನ್ನುವ ಮೊದಲು ಇದನ್ನು ತಿಳಿದಿರಬೇಕು.

ದಾರಿ ಮುಚ್ಚಿದಾಗ ಮಾಡಬೇಕಾದ್ದೇನು? ಮೊದಲು, ಮಾಡಬಾರದ್ದು: ರಾತ್ರಿ ಹಾರೆ ಹಿಡಿದು ಕಂಪೌಂಡ್ ಬೀಳಿಸುವುದು. ಹಕ್ಕಿದ್ದರೂ ಅಡ್ಡಿಯನ್ನು ತಾನೇ ಕೀಳುವಂತಿಲ್ಲ ಎಂದು 36ನೇ ಕಲಂ ನೇರವಾಗಿ ಹೇಳುತ್ತದೆ. ಹಾಗೆ ಮಾಡಿದವರು ಮೊದಲು ಪೊಲೀಸ್ ಠಾಣೆಯಲ್ಲಿ ಉತ್ತರ ಹೇಳಬೇಕಾಗುತ್ತದೆ. ಶಾಂತಿಭಂಗದ ಭಯವಿದ್ದರೆ ಕುಂದಾಪುರ ಉಪವಿಭಾಗದ ಸಹಾಯಕ ಕಮಿಷನರ್ ಅವರ ಮುಂದೆ ಹೋಗಬಹುದು. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 147ನೇ ಕಲಮಾಗಿದ್ದು ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 166 ಆಗಿರುವ ನಿಯಮ ಇದಕ್ಕಿದೆ. ಅಲ್ಲಿ ಕಳೆದ ಮೂರು ತಿಂಗಳೊಳಗೆ ದಾರಿ ಬಳಸಿದ್ದನ್ನು ತೋರಿಸಬೇಕು. ನಾಗಬನದ ದಾರಿಯಂತೆ ನಿರ್ದಿಷ್ಟ ಸಂದರ್ಭಕ್ಕೆ ಮಾತ್ರ ಬಳಸುವುದಾದರೆ ಕಳೆದ ಬಾರಿಯ ಆ ಸಂದರ್ಭದಲ್ಲಿ ಬಳಸಿದ್ದರೆ ಸಾಕು. ಮೂರು ತಿಂಗಳು ರಾಜಿಗೆ ಓಡಾಡಿ ಆಮೇಲೆ ಹೋದವರಿಗೆ ಈ ಬಾಗಿಲು ಮುಚ್ಚಿರುತ್ತದೆ. ಸಾರ್ವಜನಿಕ ರಸ್ತೆಗೆ ಅಡ್ಡಿಯಾದರೆ ಅದೇ ಸಂಹಿತೆಯ 152 ಇದೆ. ಅಂತಿಮವಾಗಿ ಹಕ್ಕು ತೀರ್ಮಾನಿಸುವುದು ಸಿವಿಲ್ ನ್ಯಾಯಾಲಯ. ಅಲ್ಲಿ ತಾತ್ಕಾಲಿಕ ತಡೆಯಾಜ್ಞೆ ಸಿಗಬಹುದು, ಕೋರ್ಟ್ ಕಮಿಷನರ್ ಸರ್ವೆಯರ್ ಜತೆ ಬಂದು ಜಾಗ ನೋಡಬಹುದು. ಯಾವ ಬಗೆಯ ಹಕ್ಕು ಕೇಳುತ್ತೇವೆಂದು ದಾವೆಯಲ್ಲಿ ಖಚಿತವಾಗಿ ಹೇಳದೆ, ಅನಿವಾರ್ಯವೂ ಹೌದು, ರೂಢಿಯೂ ಹೌದು, ಸಾರ್ವಜನಿಕವೂ ಹೌದು ಎಂದು ಎಲ್ಲವನ್ನೂ ಕಲಸಿದವರು ಸೋಲುವುದೇ ಹೆಚ್ಚು.

ಜಾಗ ಕೊಳ್ಳುವವರಿಗೆ ಒಂದು ಎಚ್ಚರ. ಕ್ರಯಪತ್ರದಲ್ಲಿ ‘ಮಾಮೂಲು ದಾರಿ ಹಕ್ಕು ಸಹಿತ’ ಎಂಬ ಒಂದು ಸಾಲು ಕಂಡರೆ ನಿಶ್ಚಿಂತರಾಗುವವರು ಬಹಳ. ಆ ಪತ್ರಕ್ಕೆ ಸಹಿ ಹಾಕಿದವರು ನಿಮಗೆ ಮಾರಿದವರು. ದಾರಿ ಹಾಯುವ ನೆಲ ಮೂರನೆಯವರದ್ದು. ಮಾರಿದವರಿಗೆ ಇಲ್ಲದ ಹಕ್ಕು ಅವರ ಕ್ರಯಪತ್ರದಿಂದ ನಿಮಗೆ ಬರುವುದಿಲ್ಲ. ಆ ದಾರಿ ಅವರಿಗೆ ಹೇಗೆ ಬಂತು ಎಂಬ ಹಿಂದಿನ ವಿಭಾಗ ಪತ್ರವನ್ನು ಕೇಳಿ ನೋಡಬೇಕು, ಗ್ರಾಮ ನಕ್ಷೆ ತೆಗೆಸಬೇಕು, ಅಗಲವನ್ನು ಟೇಪು ಹಿಡಿದು ಅಳೆಯಬೇಕು.

ಈಗಾಗಲೇ ನೆರೆಕರೆಯಲ್ಲಿ ಇರುವವರು ಮಾಡಬೇಕಾದ ಕೆಲಸ ಇದಕ್ಕಿಂತ ಸಣ್ಣದು. ಮಾತುಕತೆ ಚೆನ್ನಾಗಿರುವಾಗಲೇ ಒಂದು ಪತ್ರ ಮಾಡಿಕೊಳ್ಳುವುದು. ಯಾವ ಸರ್ವೆ ನಂಬ್ರದಿಂದ ಯಾವುದಕ್ಕೆ, ಎಷ್ಟು ಅಡಿ, ಯಾವ ವಾಹನ, ಗೇಟು ಇಡಬಹುದೇ, ರಿಪೇರಿ ಯಾರ ಖರ್ಚು, ಅನುಮತಿಯೋ ಶಾಶ್ವತ ಹಕ್ಕೋ ಎಂದು ಬರೆದು, ನಕ್ಷೆ ಲಗತ್ತಿಸಿ, ಶಾಶ್ವತವಾದರೆ ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸುವುದು. ಅನುಮತಿ ಮಾತ್ರ ಎಂದು ಬರೆದರೆ ನೆಲದವರಿಗೆ 20 ವರ್ಷದ ಭಯವಿಲ್ಲ, ಗೇಟು ಮುಚ್ಚುವ ಅವಸರವೂ ಇಲ್ಲ. ಹಕ್ಕು ಎಂದು ಬರೆದರೆ ನಡೆಯುವವರಿಗೆ ಮಕ್ಕಳ ಕಾಲದ ಚಿಂತೆಯಿಲ್ಲ. ‘ನಮ್ಮೊಳಗೆ ಕಾಗದ ಯಾಕೆ’ ಎಂಬ ಸಂಕೋಚವೇ ಇಲ್ಲಿನ ದೊಡ್ಡ ಅಡ್ಡಿ. ಆದರೆ ಕಾಗದ ಬೇಕಾಗುವುದು ನಮ್ಮ ನಡುವಿನ ಅಪನಂಬಿಕೆಗಲ್ಲ. ನಾಳೆ ಆ ಜಾಗ ಕೊಳ್ಳುವ, ನಮ್ಮಿಬ್ಬರ ಮಾತನ್ನೂ ಕೇಳಿರದ ಮೂರನೆಯವರಿಗೆ.